ಹರಿವಾಣ ಬದಲಾಗುವ ಮೊದಲು

ದಾರ್ಸೈಟ್, ಮಸ್ಕತ್
ಭಾನುವಾರ, ೧೬ ಫೆಬ್ರವರಿ ೨೦೨೫

ಪ್ರೀತಿಯ ಪಪ್ಪ,

ನಿಮಗೂ ಮಮ್ಮಿಗೂ ದೊಡ್ಡ ದೊಡ್ಡ ನಮಸ್ಕಾರ, ಅದರ ಮೇಲೊಂದು ಅಪ್ಪುಗೆ! ಬಂದಿಳಿದ ವಾರವೇ ಬರೆಯುತ್ತೇನೆ ಎಂದವಳು ಇಷ್ಟು ತಡ ಮಾಡಿದ್ದಕ್ಕೆ ಬೈಯಬೇಡಿ. ಹೊಸ ಮದುಮಗಳೆಂದು ಮಸ್ಕತ್ತಿನ ತುಳುವರೆಲ್ಲ ಸರದಿಯಲ್ಲಿ ಊಟಕ್ಕೆ ಕರೆಯುತ್ತಿದ್ದಾರೆ. ಕೋರಿ ರೊಟ್ಟಿ ತಿಂದು ತಿಂದು ಮದುವೆಯ ಬ್ಲೌಸುಗಳು ಈಗಲೇ ಬಿಗಿ!

ದಿನಾ ಫೋನ್ ಇರುವಾಗ ಕಾಗದ ಯಾಕೆ ಎಂದು ಕೇಳುತ್ತೀರಿ. ಫೋನ್ ಮಾಡಿದರೆ ಮಮ್ಮಿ ಸ್ಪೀಕರ್ ಹಾಕುತ್ತಾರೆ. ನೀವು ‘ಊಟ ಆಯ್ತಾ ಮಗಾ?’ ಎಂದು ಕೇಳಿ ಎದ್ದು ಹೋಗುತ್ತೀರಿ. ಇದು ನಿಮಗೊಬ್ಬರಿಗೇ. ಅಕ್ಷಯ್ ಅವರ ಗೆಳೆಯ ನೌಶಾದ್ ಭಾಯಿ ಬುಧವಾರ ರಜೆಯಲ್ಲಿ ಮಂಗಳೂರಿಗೆ ಹೋಗುತ್ತಾರೆ. ಹಲ್ವದ ಡಬ್ಬಿ, ಖರ್ಜೂರದ ಜೊತೆ ಇದನ್ನೂ ನಿಮ್ಮ ಕೈಗೇ ಕೊಡಲು ಹೇಳಿದ್ದೇನೆ. ನನ್ನದು ಇಂಗ್ಲಿಷ್ ಮೀಡಿಯಮ್ಮಿನ ಕನ್ನಡ, ನೀವು ಹೈಸ್ಕೂಲಿನಲ್ಲಿ ಇಡೀ ಜೀವನ ಕನ್ನಡ ಕಲಿಸಿದ ಮಾಷ್ಟ್ರು. ಆದರೂ ಇದನ್ನು ಇಂಗ್ಲಿಷಿನಲ್ಲಿ ಬರೆಯಲು ಮನಸ್ಸು ಬರಲಿಲ್ಲ.

ಮೊದಲು ಒಳ್ಳೆಯ ಸುದ್ದಿ. ನಮ್ಮ ಫ್ಲ್ಯಾಟ್ ಪುಟ್ಟದು, ಆದರೆ ಎಷ್ಟು ಚಂದ! ಅಡುಗೆಮನೆಯ ಕಿಟಕಿಯಾಚೆಗೆ ಒಂದು ಎಲೆಯೂ ಇಲ್ಲದ ಕಂದು ಗುಡ್ಡ; ಬೆಳಿಗ್ಗೆ ಬಿಸಿಲು ಬಿದ್ದಾಗ ಗುಲಾಬಿಯಾಗುತ್ತದೆ. ಅಕ್ಷಯ್ ಆಫೀಸಿನಿಂದ ಬರುವಾಗ ದಿನಾ ಏನಾದರೂ ತರುತ್ತಾರೆ, ಒಂದು ದಿನ ಅತ್ತರು, ಒಂದು ದಿನ ಬರೀ ಎರಡು ಮಾವಿನಹಣ್ಣು. ಅತ್ತೆ ನನಗೆ ಕೆಲಸವನ್ನೇ ಕೊಡುವುದಿಲ್ಲ. ನಾನು ಸುಖವಾಗಿಲ್ಲ ಎಂದು ನೀವು ತಿಳಿಯಬಾರದು. ಸುಖವಾಗಿದ್ದೆ ಪಪ್ಪ, ಶುಕ್ರವಾರ ಮಧ್ಯಾಹ್ನದವರೆಗೂ.

ಶುಕ್ರವಾರ ವ್ಯಾಲೆಂಟೈನ್ಸ್ ಡೇ, ಮದುವೆಯಾದ ಮೇಲೆ ಮೊದಲನೆಯದು! ಕೆಂಪು ಚೂಡಿದಾರ್ ಹಾಕಿಕೊಂಡು ಕಾದು ಕೂತಿದ್ದೆ. ನನ್ನ ಗಂಡ ತಂದ ಉಡುಗೊರೆ ಏನು ಗೊತ್ತಾ? ಸಿಂಗಾಪುರ! ಅಕ್ಷಯ್, ನೌಶಾದ್ ಭಾಯಿ, ನಿಜ್ವಾದಿಂದ ಕಾರು ಓಡಿಸಿಕೊಂಡು ಬರುವ ವಿಜಯಪುರದ ಎಂಜಿನಿಯರ್ ಬಸವಪ್ರಭು, ಮೂವರೂ ರಜೆಯ ದಿನ ಯುದ್ಧದ ಬೋರ್ಡ್ ಗೇಮ್ ಆಡುತ್ತಾರೆ. ಮರುದಿನ ಫೆಬ್ರವರಿ ಹದಿನೈದು, ೧೯೪೨ರಲ್ಲಿ ಸಿಂಗಾಪುರ ಜಪಾನಿಗೆ ಶರಣಾದ ದಿನ. ನನ್ನ ಎಂ.ಎ. ಪ್ರಬಂಧ ಅದರ ಮೇಲೆಯೇ ಎಂದು ಅಕ್ಷಯ್ ಹುಡುಕಿ ಆ ಆಟವನ್ನೇ ತರಿಸಿದ್ದರು. ನನಗೆ ಕುಣಿಯುವಷ್ಟು ಖುಷಿ!

ಊಟದ ಮೇಜಿನ ಮೇಲೆ ಮಲಯಾದ ನಕ್ಷೆ ಹಾಸಿದರು. ನಾನೂ ನೌಶಾದ್ ಭಾಯಿಯೂ ಬ್ರಿಟಿಷರು, ಅಕ್ಷಯ್ ಮತ್ತು ಬಸವಪ್ರಭು ಜಪಾನಿನವರು. ಉತ್ತರದಿಂದ ನಮ್ಮ ಸೈನ್ಯ ಹಿಂದೆ ಸರಿಯುತ್ತಲೇ ಬಂತು.

‘ಏನ್ರೀ ವೈನಿ, ಹಿಂಗ ಒಂದೊಂದು ಊರು ಬಿಟ್ಟುಕೊಟ್ಕೋತ ಹೊಂಟ್ರ ಸಂಜೀಮಟ ಸಮುದ್ರದಾಗ ಇರ್ತೀರಿ ನೋಡ್ರಿ!’ ಎಂದು ಬಸವಪ್ರಭು ನಕ್ಕರು.

‘ನೀವು ಸುಮ್ಮನಿರಿ ಮಾರಾಯ್ರೆ. ನಮ್ಮ ಮೇಡಂ ಇದರಲ್ಲೇ ಎಂ.ಎ. ಮಾಡ್ತಾ ಇರುವುದು. ಸೋಲುವುದು ಹೇಗೆ ಅಂತ ಅವರಷ್ಟು ಯಾರಿಗೂ ಗೊತ್ತಿಲ್ಲ’ ಎಂದರು ನೌಶಾದ್ ಭಾಯಿ.

ಆಗ ನಾನು ನಿಮ್ಮ ಅಜ್ಜನ, ಅಂದರೆ ನಮ್ಮ ಕೊಗ್ಗಜ್ಜನ ಕಥೆ ಹೇಳಿದೆ. ಸೈನ್ಯದ ಲಾರಿ ಡ್ರೈವರ್ ಆಗಿ ಉತ್ತರ ಮಲಯಾದಿಂದ ಸಿಂಗಾಪುರದವರೆಗೆ ಅಕ್ಕಿಮೂಟೆ ಹೊತ್ತು ಹಿಮ್ಮೆಟ್ಟಿದ್ದು, ಕೆಟ್ಟ ಲಾರಿಯ ಅಡಿಯಲ್ಲಿ ಮಲಗಿ ಬೋಲ್ಟ್ ಬಿಗಿಯುತ್ತಿದ್ದಾಗ ಯಾರೋ ಬಂದು ಕಾಲು ತಟ್ಟಿ ‘ಎದ್ದೇಳು, ಯುದ್ಧ ಮುಗಿಯಿತು’ ಎಂದದ್ದು. ಆಮೇಲೆ ಇಂಡಿಯನ್ ಸೈನಿಕರನ್ನೆಲ್ಲ ಬೇರೆ ಮಾಡಿ ಒಂದು ಮೈದಾನದಲ್ಲಿ ಕೂರಿಸಿದ್ದು. ಅಲ್ಲಿ ಅವರದೇ ಬ್ರಿಟಿಷ್ ಅಧಿಕಾರಿ ಎದ್ದು ನಿಂತು, ಇಷ್ಟು ದಿನ ನಮ್ಮ ಮಾತು ಕೇಳಿದ ಹಾಗೆ ಇನ್ನು ಮೇಲೆ ಇವರ ಮಾತು ಕೇಳಿ ಎಂದು ಜಪಾನಿನವರಿಗೆ ಒಪ್ಪಿಸಿ ಹೋದದ್ದು. ‘ನಮ್ಮನ್ನು ಯಾರೂ ಒಂದು ಮಾತು ಕೇಳಲಿಲ್ಲ’ ಎಂದು ಅಜ್ಜ ಸಾಯುವವರೆಗೂ ಹೇಳುತ್ತಿದ್ದರಂತಲ್ಲ, ಅದನ್ನೂ ಹೇಳಿದೆ. ನಿಮ್ಮ ದನಿಯಲ್ಲೇ ಹೇಳಿದೆ ಪಪ್ಪ.

ಕೊನೆಗೆ ಆಟದಲ್ಲೂ ಸಿಂಗಾಪುರದ ನೀರು ಮುಗಿಯಿತು. ‘ಖಲಾಸ್. ಕೈ ಎತ್ತುವ ಮೇಡಂ, ಚಾ ಆದರೂ ಕುಡಿಯಬಹುದು’ ಎಂದರು ನೌಶಾದ್ ಭಾಯಿ. ನಾನು ಬಿಡಲಿಲ್ಲ. ಎದ್ದು ನಿಂತು ಶರತ್ತು ಹಾಕಿದೆ. ಆಸ್ಪತ್ರೆಗೆ ಯಾರೂ ನುಗ್ಗಬಾರದು, ಊರಿನ ಜನರನ್ನು ಮುಟ್ಟಬಾರದು, ಇಂಡಿಯನ್ ಸೈನಿಕರನ್ನು ಬೇರೆ ಮಾಡಬಾರದು. ಅಕ್ಷಯ್ ಮೇಜು ಗುದ್ದಿ, ‘ಶರತ್ತು ಗಿರತ್ತು ಇಲ್ಲ! ಯೆಸ್ ಆರ್ ನೋ?’ ಎಂದರು. ಅವರ ಹತ್ತಿರ ಮದ್ದುಗುಂಡಿನ ಬಿಲ್ಲೆ ಎರಡೋ ಮೂರೋ ಉಳಿದಿದ್ದವು, ಮುಷ್ಟಿಯಲ್ಲಿ ಮುಚ್ಚಿಟ್ಟುಕೊಂಡಿದ್ದರು. ನಿಜವಾದ ಯುದ್ಧದಲ್ಲೂ ಹಾಗೆಯೇ. ಗೆದ್ದವರ ಮದ್ದುಗುಂಡು ಮುಗಿಯುತ್ತಾ ಬಂದಿತ್ತು, ಸೋತವರಿಗೆ ಅದು ಗೊತ್ತಿರಲಿಲ್ಲ.

ನಾನು ನಗುತ್ತಾ, ‘ಶರತ್ತಿಲ್ಲದೆ ನಾನು ಮದುವೆಗೇ ಒಪ್ಪಲಿಲ್ಲ, ಇನ್ನು ಸಿಂಗಾಪುರ ಕೊಡುತ್ತೇನಾ?’ ಎಂದೆ.

‘ಎಂಥ ಶರತ್ತು ಮಾರಾಯ್ತಿ?’ ಅಕ್ಷಯ್ ಕೂಡ ನಗುತ್ತಿದ್ದರು.

‘ಅದೇ, ಮಾರ್ಚಿನಲ್ಲಿ ಊರಿಗೆ ಹೋಗಿ ಕೊನೆಯ ಸೆಮಿಸ್ಟರ್ ಮುಗಿಸಿ ಬರುವುದು. ಟಿಕೆಟ್ ಯಾವಾಗ ಮಾಡ್ತೀರಿ?’

‘ಯಾರು ಹೇಳಿದ್ದು ಹಾಗೆ?’

‘ಪಪ್ಪ. ನಿಶ್ಚಯದ ದಿನ ನಿಮ್ಮ ಹತ್ತಿರ ಮಾತಾಡಿದ್ದಾರಲ್ಲ.’

ಅಕ್ಷಯ್ ಅಡುಗೆಮನೆಯ ಕಡೆ ನೋಡಿದರು. ಅತ್ತೆ ಚಾ ಹಿಡಿದುಕೊಂಡು ಬಾಗಿಲಲ್ಲಿ ನಿಂತಿದ್ದರು. ‘ಅಂಥ ಮಾತು ಬರಲೇ ಇಲ್ಲವಲ್ಲ ಮಗಾ’ ಎಂದರು, ಬಹಳ ಮೆಲ್ಲಗೆ. ನೌಶಾದ್ ಭಾಯಿ ತಲೆ ಬಗ್ಗಿಸಿ ಬಿಲ್ಲೆಗಳನ್ನು ಪೆಟ್ಟಿಗೆಗೆ ತುಂಬತೊಡಗಿದರು. ಬಸವಪ್ರಭು ‘ಹಾದಿ ದೂರ ಐತ್ರಿ, ಬರ್ತೀನ್ರಿ’ ಎಂದು ಚಾ ಕುಡಿಯದೆ ಎದ್ದರು. ನಾನು ಕೆಂಪು ಚೂಡಿದಾರ್ ಹಾಕಿಕೊಂಡು ಎಲ್ಲರ ನಡುವೆ ನಿಂತೇ ಇದ್ದೆ.

ಅವರೆಲ್ಲ ಹೋದ ಮೇಲೆ ಅಕ್ಷಯ್ ಜಗಳ ಮಾಡಲಿಲ್ಲ. ಮಾಡಿದ್ದರೆ ಒಳ್ಳೆಯದಿತ್ತು. ಪುಣೆಯಲ್ಲಿರುವ ಮಗಳ ಹೆರಿಗೆಗೆ ಅತ್ತೆ ಮಾರ್ಚಿನಲ್ಲಿ ಹೋಗುತ್ತಾರೆ, ನಾಲ್ಕು ತಿಂಗಳು ಅಲ್ಲೇ. ಸೊಸೆ ಬರುತ್ತಾಳಲ್ಲ, ಮನೆಗೆ ಜನ ಇರುತ್ತದೆ ಎಂದುಕೊಂಡು ಮದುವೆಗೆ ಮೊದಲೇ ಟಿಕೆಟ್ ಮಾಡಿಟ್ಟಿದ್ದಾರೆ. ‘ಆವಾಗಲೇ ಹೇಳಿದ್ದರೆ ಏನಾದರೂ ಮಾಡಬಹುದಿತ್ತು ಪ್ರಣಿ. ಈಗ ಬಂದ ತಿಂಗಳಿಗೇ ಹೆಂಡತಿ ವಾಪಸು ಹೋದಳು ಅಂದರೆ ಜನ ಎಂಥ ಹೇಳ್ತಾರೆ? ಮುಂದಿನ ವರ್ಷ ನೋಡುವ’ ಎಂದರು ಅಕ್ಷಯ್.

ಮುಂದಿನ ವರ್ಷ ಇಲ್ಲ ಪಪ್ಪ, ನಿಮಗೆ ಗೊತ್ತುಂಟು. ಮುಂದಿನ ಬ್ಯಾಚಿಗೆ ಸಿಲೆಬಸ್ ಬದಲಾಗುತ್ತದೆ, ಪ್ರಬಂಧವೇ ಇರುವುದಿಲ್ಲ. ಗೈಡ್ ಮೇಡಂ ನಮ್ಮ ಮನೆಗೇ ಬಂದು ನಿಮ್ಮೆದುರಿಗೇ ಹೇಳಿ ಹೋಗಿದ್ದರು, ಈ ಮಾರ್ಚಿಗೆ ಬರದಿದ್ದರೆ ಬರೆದದ್ದೆಲ್ಲ ವ್ಯರ್ಥ ಎಂದು. ಅದಕ್ಕೇ ತಾನೇ ನಾನು ಈ ಸಂಬಂಧಕ್ಕೆ ಮೊದಲು ಬೇಡ ಎಂದದ್ದು? ನಿಶ್ಚಯದ ಸಂಜೆ ನೀವು ನನ್ನ ಕೋಣೆಗೆ ಬಂದು ಮಂಚದ ತುದಿಯಲ್ಲಿ ಕೂತಿರಿ. ‘ಎಲ್ಲ ಮಾತಾಡಿ ಆಗಿದೆ ಮಗಾ. ಮಾರ್ಚಿಗೆ ಬಂದು ಮುಗಿಸಿಯೇ ಹೋಗುವುದು. ಅವರು ಒಪ್ಪಿದ್ದಾರೆ’ ಎಂದಿರಿ. ನಾನು ನಿಮ್ಮ ಕುತ್ತಿಗೆಗೆ ಜೋತುಬಿದ್ದೆ. ನೆನಪುಂಟಾ? ನಿಮ್ಮ ಕನ್ನಡಕ ಬಿದ್ದುಹೋಯಿತು.

ನಮ್ಮ ಕ್ರಮ ನನಗೂ ಗೊತ್ತು. ನಿಶ್ಚಯದಲ್ಲಿ ವೀಳ್ಯದ ಹರಿವಾಣ ಕೈ ಬದಲಾಗುವ ಮೊದಲು ಸಮಾಜದ ಹಿರಿಯ ಗುರಿಕಾರರು ಎರಡೂ ಕಡೆಯವರನ್ನು ಕೇಳುತ್ತಾರೆ, ‘ಮಾತು ಏನಾದರೂ ಬಾಕಿ ಉಂಟಾ?’ ಎಂದು. ಹೇಳುವುದಿದ್ದರೆ ಆಗಲೇ ಹೇಳಬೇಕು. ವೀಳ್ಯ ಬದಲಾದ ಮೇಲೆ ಹೊಸ ಮಾತು ಎತ್ತಿದರೆ ಅದು ಜಗಳ. ಯಾರ ವಿಷಯವೋ ಅವಳು ಮಾತ್ರ ಅಲ್ಲಿ ಇರುವುದಿಲ್ಲ. ನಾನು ಒಳಗಿನ ಕೋಣೆಯಲ್ಲಿ ಮಲ್ಲಿಗೆ ಮುಡಿಸಿಕೊಳ್ಳುತ್ತಾ, ಅತ್ತಿಗೆಯರ ಜೋಕಿಗೆ ಮೈ ಕುಲುಕಿಸಿ ನಗುತ್ತಿದ್ದೆ. ಹೊರಗೆ ಗುರಿಕಾರರು ಕೇಳಿದಾಗ ನೀವು ‘ನಮ್ಮದು ಏನೂ ಇಲ್ಲ’ ಎಂದಿರಂತೆ. ಆಮೇಲೆ ಧಾರೆಯ ದಿನ ತುಂಬಿದ ಸಭೆಯಲ್ಲಿ, ನಮ್ಮ ಮಾತು ಕೇಳಿದ ಹಾಗೆ ಇನ್ನು ಇವರ ಮಾತು ಕೇಳಬೇಕು ಮಗಾ ಎಂದು ಹೇಳಿ ಕಣ್ಣೊರೆಸಿಕೊಂಡಿರಿ. ನಾನೂ ಅತ್ತುಬಿಟ್ಟೆ. ಎಷ್ಟು ಚಂದ ಮಾತಾಡಿದರು ನಮ್ಮ ಪಪ್ಪ ಎಂದು ಹೆಮ್ಮೆಪಟ್ಟುಕೊಂಡು ಅತ್ತಿದ್ದೆ.

ನಿಮಗೆ ಹೆದರಿಕೆಯಾಗಿರಬಹುದು. ಒಳ್ಳೆಯ ಸಂಬಂಧ, ಶರತ್ತು ಎಂದರೆ ತಪ್ಪಿಹೋದೀತು ಎಂದುಕೊಂಡಿರಬಹುದು. ಎರಡು ದಿನದಿಂದ ನಿಮ್ಮ ಪರವಾಗಿ ನಾನೇ ವಾದ ಮಾಡುತ್ತಿದ್ದೇನೆ. ಹಾಗಿದ್ದರೆ ಅವರಿಗೆ ಹೇಳದೆ ಇರಬಹುದಿತ್ತು. ನನಗೆ ಯಾಕೆ ಸುಳ್ಳು ಹೇಳಿದಿರಿ?

ಮಮ್ಮಿಗೆ ಇದನ್ನು ತೋರಿಸಬೇಡಿ, ಅವರ ಬಿ.ಪಿ. ಏರುತ್ತದೆ. ಹಲ್ವ ಫ್ರಿಜ್ಜಿನಲ್ಲಿ ಇಡಬೇಡಿ, ಗಟ್ಟಿಯಾಗುತ್ತದೆ. ಮೊಣಕಾಲಿನ ಎಣ್ಣೆ ಬಿಡಬೇಡಿ. ಹಿರಿಯರ ಕಾಲಿಗೆ ಬಿದ್ದು ಆಶೀರ್ವಾದ ಕೇಳಿ ಕಾಗದ ಮುಗಿಸಬೇಕೆಂದು ಕಲಿಸಿದವರು ನೀವೇ. ಕೇಳುತ್ತಿದ್ದೇನೆ, ಕೊಡಿ. ದೇವರು ನಿಮ್ಮಿಬ್ಬರನ್ನೂ ಚೆನ್ನಾಗಿಟ್ಟಿರಲಿ.

ನಿಮ್ಮ ಮಗಳು,
ಪ್ರಣೀತಾ

ತಾ.ಕ.: ಲಕೋಟೆ ಅಂಟಿಸಿಟ್ಟವಳು ಮತ್ತೆ ಬಿಡಿಸಿದ್ದೇನೆ. ಇದನ್ನು ಬರೆಯುವುದು ಬೇಡ ಎಂದುಕೊಂಡಿದ್ದೆ.

ನಿನ್ನೆ ಸಂಜೆ ಅತ್ತೆಯ ಜೊತೆ ಕೃಷ್ಣ ದೇವಸ್ಥಾನಕ್ಕೆ ಹೋಗಿದ್ದೆ. ಬರುವಾಗ ಅವರು ದಾರಿಯಲ್ಲೇ ನಿಂತರು. ‘ಅಂಥ ಮಾತು ಬರಲಿಲ್ಲ ಅಂತ ನಿನ್ನೆ ಹೇಳಿದೆನಲ್ಲ, ಅದು ಪೂರಾ ಸರಿ ಅಲ್ಲ ಮಗಾ. ಎಲ್ಲರೆದುರು ಬೇಡ ಅಂತ ಸುಮ್ಮನಾದೆ. ಗುರಿಕಾರರು ಕೇಳಿದಾಗ ನಾನೇ ಬಾಯಿ ಹಾಕಿದ್ದೆ. ಹುಡುಗಿಗೆ ಓದು ಮುಗಿಸಲಿಕ್ಕೆ ಉಂಟಲ್ಲ, ಅದಕ್ಕೆ ಎಂಥ ಮಾಡುವ, ನಮ್ಮದೇನೂ ಅಡ್ಡಿ ಇಲ್ಲ ಅಂದೆ. ನಿನ್ನ ಅಪ್ಪ ನಕ್ಕು, ಅದೆಲ್ಲ ಮದುವೆಯಾಗುವವರೆಗಿನ ಟೈಮ್‌ಪಾಸ್, ಅವಳಿಗೂ ಅದರ ಮೇಲೆ ಅಷ್ಟು ಮನಸ್ಸಿಲ್ಲ ಅಂದರು. ಹಾಗೆ ಹೇಳಿದ ಮೇಲೆ ನಾನು ಪುಣೆಯ ಟಿಕೆಟ್ ಮಾಡಿಸಿದ್ದು’ ಎಂದರು.

ಕೊಟ್ಟಿದ್ದರು ಪಪ್ಪ. ನಾವು ಕೇಳುವ ಮೊದಲೇ ಒಪ್ಪಿಗೆ ಕೊಟ್ಟಿದ್ದರು. ಬೇಡ ಎಂದವರು ನೀವು.

ಪ್ರಬಂಧದ ಮೊದಲ ಅಧ್ಯಾಯವನ್ನು ನಾನು ಓದಿ ಹೇಳಿದಾಗ ನೀವು ಜಗಲಿಯಲ್ಲಿ ಕಣ್ಣು ಮುಚ್ಚಿ ಕೂತು ಕೇಳಿದ್ದಿರಿ. ಆಮೇಲೆ ‘ಇನ್ನೊಮ್ಮೆ ಓದು ಮಗಾ’ ಎಂದಿರಿ.

ಅತ್ತೆ ಕೇಳಿದರು, ‘ಈ ಓದು ನಿನಗೆ ಇಷ್ಟು ದೊಡ್ಡದು ಅಂತ ಪಾಪ, ನಿನ್ನ ಅಪ್ಪನಿಗೆ ಗೊತ್ತಿರಲಿಲ್ಲವೋ ಏನೋ?’

ಗೊತ್ತಿರಲಿಲ್ಲ ಎಂದೆ.