ಹಸಿರು ಟಾರ್ಪಾಲಿನ ಬೀದಿ

ಅದಲ್ಲ ಅಕ್ಕಾ, ನಿನ್ನೆಯ ಕಾರ್ಡಿನಲ್ಲಿ ಜಾಗ ಮುಗಿದು ಮಾತು ಅರ್ಧಕ್ಕೇ ನಿಂತಿತು. ಯೋಜನಾ ಕಚೇರಿಯ ಗೋಡೆಗೆ ಊರಿನ ಹೊಸ ನಕಾಶೆ ಹಾಕಿದ್ದಾರೆ. ಅದರಲ್ಲಿ ನಾನಿರುವ ಮಗಳ ಮನೆಯ ಬೀದಿಯೇ ಇಲ್ಲ. ಬರೀ ಹಸಿರು ಬಣ್ಣ ಬಳಿದು ‘ಉದ್ಯಾನ’ ಎಂದು ಬರೆದಿದ್ದಾರೆ. ಮನೆಗಳೆಲ್ಲಿ ಎಂದರೆ ಆಫೀಸರು ಉಪಗ್ರಹದ ಚಿತ್ರ ತೋರಿಸಿದರು. ಸೋರುವ ಸೂರಿಗೆ ಎಲ್ಲರೂ ಹೊದಿಸಿದ ಹಸಿರು ಟಾರ್ಪಾಲನ್ನೇ ಮರಗಳೆಂದುಕೊಂಡಿದ್ದಾರೆ!

“ಸರ್, ದಿಸ್ ಈಸ್ ನಾಟ್ ಟ್ರೀ, ದಿಸ್ ಈಸ್...” ಎಂದು ನನ್ನ ಕಾಲೇಜು ಇಂಗ್ಲಿಷ್ ತೆಗೆದೆ. ಮುಂದಿನ ಪದ ಬಾಯಿಗೇ ಬರಲಿಲ್ಲ. ಜೊತೆಗೆ ಬಂದಿದ್ದ ಎದುರುಮನೆಯ ದರ್ಜಿಯಮ್ಮ, “ನಮ್ಮ ಮನೆ ಸ್ವಾಮಿ ಅದು! ನಾವೇನು ಕೋತಿಗಳಾ, ಮರದ ಮೇಲಿರೋಕೆ?” ಎಂದು ಮುಗಿಸಿದಳು.

ನಾಳೆ ಬೆಳಿಗ್ಗೆ ಡ್ರೋನ್ ಹಾರಿಸಿ ಮತ್ತೆ ನೋಡುತ್ತಾರಂತೆ. ಆಗಲೂ ಹಸಿರೇ ಕಂಡರೆ ಬೀದಿ ಹೋದಂತೆಯೇ. ಅದಕ್ಕೇ ಎಲ್ಲರೂ ಸೂರು ಹತ್ತಿ ಟಾರ್ಪಾಲು ಕೀಳುತ್ತಿದ್ದಾರೆ. ಮೋಡ ಬೇರೆ ಕವಿದಿದೆ, ಸೋರಿದರೆ ಬಕೆಟ್ ಇಟ್ಟರಾಯಿತು. ಮಂಡಿನೋವು ಹಾಗೇ ಇದೆ, ನೀನು ಕೊಟ್ಟ ಎಣ್ಣೆ ಮುಗಿಯಿತು. ಮಗಳು ಕೆಲಸದಿಂದ ಬರುವುದು ತಡ. ನನ್ನವಳು ಇದ್ದಿದ್ದರೆ ಏಣಿ ಹಿಡಿದುಕೊಂಡೇ ಬೈಯುತ್ತಿದ್ದಳು. ಇಡೀ ಬೀದಿಯಲ್ಲಿ ನಮ್ಮ ಸೂರೊಂದೇ ಇನ್ನೂ ಹಸಿರಾಗಿದೆ ಅಕ್ಕಾ, ಬೆಳಕು ಹೋಗುತ್ತಿದೆ, ಹತ್ತಿಬಿಡುತ್ತೇನೆ.

ನಿನ್ನ ತಮ್ಮ