ಬೂಟು ಬಿಚ್ಚಿ ಬಂದವರು

ಶಿಡ್ಲಘಟ್ಟ, ೧೯೬೧

ಆವಲಪ್ಪ,

ನೀನು ಸತ್ತು ತಿಂಗಳಾಯಿತು. ಈ ಕಾಗದವನ್ನು ಯಾವ ವಿಳಾಸಕ್ಕೆ ಹಾಕಲಿ?

ನಿನ್ನೆ ವಾಚನಾಲಯದಲ್ಲಿ ನಿನ್ನ ಫೋಟೋಗೆ ಹಾರ ಹಾಕಿದವನು ನಾನೇ. ನಲವತ್ತೆರಡರ ಚಳವಳಿಯಲ್ಲಿ ನನ್ನನ್ನೂ ನನ್ನ ತಮ್ಮ ರಾಮಾಂಜಿಯನ್ನೂ ನೀನು ರೇಷ್ಮೆ ಹುಳು ಸಾಕುವ ಹುಳುಮನೆಯಲ್ಲಿ ಬಚ್ಚಿಟ್ಟಿದ್ದನ್ನು ಹೇಳಿದೆ. ನಮ್ಮನ್ನು ಹಿಡಿಯಲು ಬಂದ ಪೊಲೀಸರು ಹುಳುವಿಗೆ ತೊಂದರೆಯಾಗದಿರಲೆಂದು ಬಾಗಿಲಲ್ಲೇ ಬೂಟು ಬಿಚ್ಚಿದರು, ಅವರೂ ರೇಷ್ಮೆ ಸೀಮೆಯ ಮಕ್ಕಳಲ್ಲವೇ ಎಂದೆ. ಜನ ಚಪ್ಪಾಳೆ ತಟ್ಟಿದರು.

ಸಭೆ ಮುಗಿದ ಮೇಲೆ ಉಸ್ಮಾನ್ ಸಾಬ್ ಹತ್ತಿರ ಬಂದರು. ಆವತ್ತು ನನಗೆ ಕೋಳ ತೊಡಿಸಿದ ಪೇದೆ, ಈಗ ನಿವೃತ್ತರು.

"ಹುಳದ ವಿಷಯ ನಮಗೇನು ಗೊತ್ತು ನರಸಿಂಹಪ್ಪನೋರೇ? ಆವಲಪ್ಪನೋರೇ ಠಾಣೆಗೆ ಬಂದು ನಿಮ್ಮನ್ನ ತೋರಿಸ್ಕೊಟ್ಟಿದ್ದು. ಹುಳ ನಾಲ್ಕನೇ ಜ್ವರದಲ್ಲಿ ಅವೆ, ಬೂಟು ಬಿಚ್ಚಿ ಹೋಗಿ, ಬೀಡಿ ಸೇದ್ಬೇಡಿ ಅಂದ್ರು. ನಿಮಗೆ ಗೊತ್ತಿದೆ ಅಂದ್ಕೊಂಡಿದ್ದೆ."

ಜೈಲಿನಿಂದ ಬಂದ ಮೇಲೂ ಹದಿನೇಳು ವರ್ಷ ನಿನ್ನ ಮನೆಯಲ್ಲಿ ಉಂಡೆ ಕಣೋ.

ಜ್ವರಕ್ಕೆ ಕೂತ ಹುಳು ಪೊರೆ ಬಿಡುವವರೆಗೆ ಸೊಪ್ಪು ಮುಟ್ಟುವುದಿಲ್ಲ, ಅದನ್ನು ಅಲುಗಿಸಬಾರದು ಎಂದು ನನಗೆ ಕಲಿಸಿದವನೇ ನೀನು. ಆವತ್ತು ಆ ಹುಳುವಿನ ತಟ್ಟೆಗಳ ಪಕ್ಕದಲ್ಲೇ ರಾಮಾಂಜಿಯೂ ಜ್ವರದಿಂದ ಮಲಗಿದ್ದ. ನೀನು ಅವನ ಹಣೆ ಮುಟ್ಟಿ ನೋಡಿ, ಕಷಾಯ ಕುಡಿಸಿ, ಬರ್ತೀನಿ ಎಂದು ಹೋದೆ. ಜೈಲು ಸೇರಿದ ಹತ್ತನೇ ದಿನ ಅವನು ಅದೇ ಜ್ವರದಲ್ಲಿ ತೀರಿಹೋದ.

ಹುಳುವಿಗೆ ಜ್ವರ ಎಂದು ಅಷ್ಟು ದೂರ ಹೋಗಿ ಹೇಳಿದವನು, ರಾಮಾಂಜಿಗೂ ಜ್ವರ ಎಂದು ಒಂದು ಮಾತು ಹೇಳಬಾರದಿತ್ತೇನೋ?