ಟೇಪು ಹೇಳಿದ ಮಗಳು

ಯಳಂದೂರು
ಮಂಗಳವಾರ, 11-11-2025

ಪ್ರೀತಿಯ ಅವ್ವಾ,

ಮಂಡಿ ನೋವು ಹೇಗಿದೆ? ಚಳಿ ಶುರುವಾಯಿತು, ಬೆಳಿಗ್ಗೆ ಎದ್ದವಳೇ ತಣ್ಣೀರಿಗೆ ಕೈ ಹಾಕಬೇಡ. ಹುರುಳಿಕಾಳು ಬಿಸಿ ಮಾಡಿ ಬಟ್ಟೆಯಲ್ಲಿ ಕಟ್ಟಿ ಶಾಖ ಕೊಟ್ಟುಕೋ ಎಂದಿದ್ದೆ, ಕೊಟ್ಟುಕೊಳ್ಳುತ್ತಿದ್ದೀಯೋ ಇಲ್ಲವೋ. ಅಪ್ಪನ ಕೆಮ್ಮು ಇಳಿಯಿತೇ? ನಾನು ಆರೋಗ್ಯವಾಗಿದ್ದೇನೆ, ಮೈ ತುಂಬಿಕೊಂಡಿದ್ದೇನೆ, ನೋಡಿದರೆ ದೃಷ್ಟಿ ತೆಗೆಯುತ್ತೀಯ. ನೀನು ದೊಡ್ಡವರ ಶಾಲೆಯಲ್ಲಿ ಕಲಿತ ಅಕ್ಷರಕ್ಕೆ ತಕ್ಕ ಹಾಗೆ ದಪ್ಪದಪ್ಪವಾಗಿ ಬರೆಯುತ್ತಿದ್ದೇನೆ. ಓದುತ್ತಾ ಓದುತ್ತಾ ‘ಇವಳು ಯಾರಪ್ಪಾ’ ಅನ್ನಿಸಬಹುದು. ಅನ್ನಿಸಿದರೂ ಹರಿದು ಹಾಕಬೇಡ ಅವ್ವಾ, ಕೊನೆಯ ತನಕ ಓದು.

ಹೋದ ವಾರ ಫೋನ್ ಮಾಡಿದ್ದೆ. ಶಾಂತರಾಜು ಎತ್ತಿದ. ‘ಮಾರ್ಟಳ್ಳೀಲಿ ನಮ್ಮನೇಲಿ ಮೀನಾ ಅಂತ ಯಾರೂ ಇಲ್ಲ ಕಣ್ರಿ, ನಮ್ಮವ್ವಂಗೆ ನಾನೊಬ್ನೇ ಮಗ’ ಎಂದ. ನಾನು ಎತ್ತಿ ಆಡಿಸಿದ ತಮ್ಮ, ನನ್ನನ್ನು ಬಹುವಚನದಲ್ಲಿ ಮಾತಾಡಿಸಿ ಫೋನ್ ಇಟ್ಟ. ಅವನ ತಪ್ಪಲ್ಲ. ನಡೆದದ್ದನ್ನು ಮೊದಲಿನಿಂದ ಹೇಳುತ್ತೇನೆ.

ಕೊಳ್ಳೇಗಾಲದಲ್ಲಿ ರೋಗಿಗಳನ್ನು ನೋಡಿಕೊಳ್ಳುವ ತರಬೇತಿ ಮುಗಿಸಿ ನಾನು ಸೇರಿದ್ದು ಇಲ್ಲಿಯ ವೃಷಭೇಂದ್ರಪ್ಪನವರ ಮನೆಗೆ. ಗದ್ದೆ, ಗೊಬ್ಬರದ ಅಂಗಡಿ ಎಲ್ಲ ಇರುವವರು. ಅವರ ಹೆಂಡತಿ ಬಸವಮ್ಮನವರು ಬಚ್ಚಲಲ್ಲಿ ಜಾರಿ ಸೊಂಟ ಮುರಿದುಕೊಂಡಿದ್ದರು. ಸ್ನಾನ ಮಾಡಿಸುವುದು, ಕಾಲು ಒತ್ತುವುದು ನನ್ನ ಕೆಲಸ. ಅವರ ಮೈಯೆಲ್ಲ ಮುಟ್ಟಬಹುದಿತ್ತು, ಅಡುಗೆಮನೆಯ ಹೊಸಿಲು ಮಾತ್ರ ದಾಟುವ ಹಾಗಿರಲಿಲ್ಲ. ನಡುಮನೆಯಲ್ಲಿ ಅವರ ಮಗಳು ಪದ್ಮಿನಿಯ ಫೋಟೋ, ಅದಕ್ಕೆ ಗಂಧದ ಹಾರ. ನನ್ನದೇ ವಯಸ್ಸಿನ ಹುಡುಗಿ, ಕಾಮಾಲೆಯಲ್ಲಿ ಹೋಗಿಬಿಟ್ಟಿದ್ದಳು. ಹೆಂಡತಿಗೆ ಬೇಜಾರು ಕಳೆಯಲಿ ಎಂದು ಯಜಮಾನರು ಗುಜರಿ ಅಂಗಡಿಯಿಂದ ಒಂದು ಹಳೆಯ ಟೇಪ್ ರೆಕಾರ್ಡರ್ ತಂದುಕೊಟ್ಟಿದ್ದರು. ಅಮ್ಮಾವ್ರು ಮಧ್ಯಾಹ್ನ ಊಟವಾದ ಮೇಲೆ ಅದರ ಕೆಂಪು ಗುಂಡಿ ಒತ್ತಿ ಮಗಳ ಕಥೆ ಹೇಳಿಕೊಂಡು ಅಳುತ್ತಿದ್ದರು.

ಒಂದು ದಿನ, ‘ನನ್ ಕೂಸು ಕಾಮಾಲೇಲಿ ಓಯ್ತು’ ಎಂದು ಹೇಳಿ ಮುಗಿಸಿ, ಕೇಳಲು ಟೇಪನ್ನು ಹಿಂದಕ್ಕೆ ತಿರುಗಿಸಿ ಹಾಕಿದರು. ಅವರದೇ ದನಿ, ಆದರೆ ಮಾತು ಬೇರೆ. ‘ನನ್ ಕೂಸಿಗೆ ಕಾಮಾಲೆ ವಾಸಿಯಾಯ್ತು. ಈಗ ನನ್ ಕಾಲು ಒತ್ತುತಾ ಕುಂತದೆ.’ ಆಗ ಅವರ ಕಾಲು ಒತ್ತುತ್ತಿದ್ದವಳು ನಾನು. ಇಬ್ಬರೂ ತಲೆ ಎತ್ತಿ ನೋಡಿದರೆ ಗೋಡೆಯ ಫೋಟೋಗೆ ಹಾರವಿಲ್ಲ. ಒಳಗಿರುವ ಮುಖ ನನ್ನದು. ಅಷ್ಟರಲ್ಲಿ ಮಗ ಶಿವಕುಮಾರಸ್ವಾಮಿ ಅಂಗಡಿಯಿಂದ ಬಂದವರು, ‘ಪದ್ಮೀ, ಕಾಫಿ ಕೊಡೇ’ ಎಂದು ನನ್ನ ತಲೆಗೊಂದು ಮೊಟಕಿ ಒಳಗೆ ಹೋದರು.

ಅಮ್ಮಾವ್ರನ್ನೂ ನನ್ನನ್ನೂ ಬಿಟ್ಟು ಇನ್ನಾರಿಗೂ ಹಳೆಯದು ನೆನಪಿಲ್ಲ ಅವ್ವಾ. ಅವತ್ತು ಬಸವಮ್ಮನವರು ನನ್ನನ್ನು ಪಕ್ಕದಲ್ಲಿ ಕೂರಿಸಿಕೊಂಡು ಕೈತುತ್ತು ಹಾಕಿದರು. ಅನ್ನದ ಜೊತೆ ಅವರ ಕಣ್ಣೀರು ನನ್ನ ಕೆನ್ನೆಗೆ ಬೀಳುತ್ತಿತ್ತು. ಎರಡು ದಿನ ಸುಮ್ಮನಿದ್ದರೆ ಸರಿಹೋಗುತ್ತದೆ ಅಂದುಕೊಂಡೆ. ಅವರು ನಿಲ್ಲಿಸಲಿಲ್ಲ. ಪದ್ಮಿನಿ ಹುಟ್ಟಿದಾಗಿನಿಂದ ಬಾಡು ತಿಂದವಳಲ್ಲ ಎಂದು ಟೇಪಿಗೆ ಹೇಳಿದರು, ನನಗೆ ಮೀನಿನ ಸಾರಿನ ರುಚಿಯೇ ಮರೆತುಹೋಯಿತು. ಪದ್ಮಿನಿಗೆ ಚಿಕ್ಕಂದಿನಲ್ಲೇ ಲಿಂಗಧಾರಣೆ ಆಗಿತ್ತು ಎಂದರು, ಬೆಳಿಗ್ಗೆ ನೋಡಿದರೆ ಕೊರಳಲ್ಲಿ ಕರಡಿಗೆ. ನಮ್ಮ ಕೇರಿಯಲ್ಲಿ ನನ್ನ ಜೊತೆ ಓದಿದವರ ಮುಖಗಳು ಒಂದೊಂದಾಗಿ ಹೋದವು. ‘ಅಮ್ಮಾವ್ರೇ, ನಾನು ಚೆನ್ನಯ್ಯನ ಮಗಳು ಮೀನಾ, ನನ್ನನ್ನು ಬಿಟ್ಟುಬಿಡಿ’ ಎಂದು ಕಾಲು ಹಿಡಿದೆ. ಅವರು ನನ್ನ ಬಾಯಿ ಮುಚ್ಚಿ, ‘ಸುಮ್ಕಿರು ಮಗ. ಇನ್ನೊಂದ್ಸಲ ನಿನ್ನ ಮಣ್ಣು ಮಾಡಾಕೆ ನನ್ ಕೈಲಾಗಾಕಿಲ್ಲ’ ಎಂದರು. ಅವರನ್ನು ಬಯ್ಯಲು ನನಗೆ ಬಾಯಿ ಬರುವುದಿಲ್ಲ.

ನನ್ನ ಕಥೆಯನ್ನು ನಾನೇ ಟೇಪಿಗೆ ಹೇಳಿ ನೋಡಿದೆ. ತಿರುಗಿಸಿ ಹಾಕಿದರೆ ಬರೀ ಗೊರಗೊರ ಸದ್ದು. ಅದಕ್ಕೆ ಕೇಳಿಸುವುದು ಬಸವಮ್ಮನವರ ದನಿಯೊಂದೇ. ಒಡೆದು ಹಾಕೋಣವೆಂದು ಒರಳುಕಲ್ಲಿನ ಮೇಲೆ ಎತ್ತಿ ಹಿಡಿದಿದ್ದೆ. ಅವರು ಕೋಲೂರಿಕೊಂಡು ಬಂದು, ‘ಒಡದ್ರೆ ಕಥೆ ಎಲ್ಲಿಗೆ ಬಂದು ನಿಲ್ತದೋ ಯಾರಿಗ್ ಗೊತ್ತು? ತ್ವಾಟದಲ್ಲಿ ಮಣ್ಣೊಳಗಿರೋಳು ನೀನೇ ಆಗ್ಬುಟ್ರೆ?’ ಎಂದರು. ಹೆದರಿಸಲು ಹೇಳಿದ್ದಲ್ಲ, ಅವರಿಗೂ ಗೊತ್ತಿರಲಿಲ್ಲ. ಇಳಿಸಿಬಿಟ್ಟೆ.

ಶನಿವಾರ ಯಾರಿಗೂ ಹೇಳದೆ ಹೊರಟೆ. ಕೊಳ್ಳೇಗಾಲದಲ್ಲಿ ಬಸ್ಸು ಬದಲಾಯಿಸಿ ಹನೂರಿನ ತನಕ ಬಂದೆ ಅವ್ವಾ. ಮಾರ್ಟಳ್ಳಿ ಬಸ್ಸು ಎದುರಿಗೇ ನಿಂತಿತ್ತು. ಒಬ್ಬ ಹೆಂಗಸು, ‘ಮಾರ್ಟಳ್ಳೀಲಿ ಯಾರ ಮನೆಗೆ ಕಣವ್ವಾ?’ ಎಂದು ಕೇಳಿದಳು. ನಿನ್ನ ಹೆಸರು ನಾಲಿಗೆಗೆ ಬರಲಿಲ್ಲ. ಹತ್ತಲು ಎತ್ತಿದ ಕಾಲು ಹಾಗೇ ನಿಂತಿತು. ಬಸ್ಸು ಹೊರಟುಹೋಯಿತು. ಶಿವಕುಮಾರಸ್ವಾಮಿಯವರು ಬೈಕಿನಲ್ಲಿ ಹುಡುಕಿಕೊಂಡು ಬಂದರು. ‘ಇಲ್ಯಾಕೆ ನಿಂತಿದ್ದೀಯೇ ಪದ್ಮೀ? ಅಮ್ಮ ಊಟ ಬುಟ್ಟು ಕುಂತವ್ಳೆ, ನಡಿ’ ಎಂದರು. ಕಣ್ಣಲ್ಲಿ ನೀರಿತ್ತು. ಕಳೆದುಹೋದ ತಂಗಿ ಸಿಕ್ಕಳು ಎನ್ನುವ ಸಂತೋಷ ಅವರಿಗೆ. ನಾನು ಹಿಂದೆ ಹತ್ತಿ ಕುಳಿತೆ. ದಾರಿಯುದ್ದಕ್ಕೂ ಬಾಯೊಳಗೇ ಹುಡುಕಿ ಹುಡುಕಿ, ಊರು ಸೇರುವಷ್ಟರಲ್ಲಿ ಸಿಕ್ಕಿತು: ದೊಡ್ಡಮಾದಮ್ಮ, ದೊಡ್ಡಮಾದಮ್ಮ.

ನಿನಗೂ ನಾನು ಮರೆತುಹೋಗಿರಬಹುದು. ಹಾಗಿದ್ದರೆ ನಿನ್ನ ಎಡಗೈ ನೋಡಿಕೋ. ಮೊಣಕೈ ಕೆಳಗೆ ಸುಟ್ಟ ಗಾಯದ ಕಲೆ ಇರಬೇಕು. ಅಂಬೆಗಾಲಿಡುತ್ತಾ ಒಲೆಯ ಹತ್ತಿರ ಹೋದ ಮಗುವನ್ನು ಎಳೆದುಕೊಳ್ಳುವಾಗ ಕುದಿಯುವ ಹಿಟ್ಟಿನ ಮಡಕೆ ಉರುಳಿ ಆದದ್ದು. ಆಗಿನ್ನೂ ಶಾಂತರಾಜು ಹುಟ್ಟಿರಲಿಲ್ಲ. ಯಾವ ಮಗುವನ್ನು ಎಳೆದುಕೊಂಡೆ ಎಂದು ನಿನ್ನನ್ನೇ ಕೇಳಿಕೋ ಅವ್ವಾ. ಬಸವಮ್ಮನವರಿಗೆ ಆ ಕಲೆಯ ವಿಷಯ ಗೊತ್ತಿಲ್ಲ, ಹಾಗಾಗಿ ಟೇಪಿಗೂ ಗೊತ್ತಿಲ್ಲ.

ಅಪ್ಪನಿಗೆ ಬೀಡಿ ಕಮ್ಮಿ ಮಾಡಲು ಹೇಳು. ತಮ್ಮನನ್ನು ಬಯ್ಯಬೇಡ. ಮಾದಪ್ಪ ನಿಮ್ಮೆಲ್ಲರ ಬೆನ್ನಿಗಿರಲಿ, ನಿನ್ನ ಪಾದ ಮುಟ್ಟಿ ಕಣ್ಣಿಗೊತ್ತಿಕೊಂಡೆ.

ನಿನ್ನ ಹೊಟ್ಟೆಯಲ್ಲಿ ಹುಟ್ಟಿದ
ಮೀನಾ

ಒಂದು ಮಾತು, ಬೇಗ ಬರೆಯುತ್ತೇನೆ, ಅಮ್ಮಾವ್ರು ಕರೆಯುತ್ತಿದ್ದಾರೆ. ಹನೂರಿಗೆ ಓಡಿದ್ದಕ್ಕೆ ಅವರು ಹೆದರಿದ್ದಾರೆ. ಪದ್ಮಿನಿಗೆ ಇನ್ನು ಹಳೆಯದೇನೂ ನೆನಪಿಲ್ಲ ಎಂದು ನಾಳೆ ಟೇಪಿಗೆ ಹೇಳುತ್ತಾರಂತೆ. ಈ ಕಾಗದ ಸಿಕ್ಕ ದಿನವೇ ಹೊರಟು ಬಾ. ಜಗಲಿಯ ಕೆಳಗೆ ನಿಲ್ಲಿಸುತ್ತಾರೆ, ನಿಲ್ಲು. ಒಳಗಿನಿಂದ ಒಬ್ಬಳು ಬಂದು, ನಿನ್ನ ಕೈಗೆ ತಾಕದ ಹಾಗೆ ಎತ್ತರದಿಂದ ನೀರು ಸುರಿದಾಳು. ‘ಯಾರವ್ವ ನೀನು, ಯಾವೂರು?’ ಎಂದು ಕೇಳಿಯಾಳು. ಅವಳೇ ನಾನು. ಬೇಜಾರು ಮಾಡಿಕೊಂಡು ಹಿಂದಿರುಗಬೇಡ ಅವ್ವಾ. ನಾನು ಕೂಗಿಕೊಂಡರೂ ಬಿಡಬೇಡ, ಕೈ ಹಿಡಿದು ಎಳೆದುಕೋ.